ಗಂಡ ಹೋದ ಕೂಡಲೆ ಮನಿ ಬಿಡಬೇಕಂತ ಯಾವ ಕಾಯ್ದೆದಾಗ ಅದ?

ಅಕ್ಕಾರ, ವೈನಿ, ಮಾಮಿ, ಚಟ್ನಿಪುಡಿ ಮಾತು ಮುಂದಿನ ಸಲ. ಇವತ್ತ ನನಗ ಸಿಟ್ಟು ಬಂದದ, ಅದನ್ನ ಬರದ ಇಳಿಸ್ತೀನಿ.

ಬಾಡಿಗಿ ಮನ್ಯಾಗ ಗಂಡಸು ತೀರಿಕೊಂಡ್ರ ಏನಾಗ್ತದ ಅಂತ ನೀವೆಲ್ಲಾ ನೋಡೇ ನೋಡೀರಿ. ಹದಿಮೂರನೇ ದಿನದ ಎಲಿ ಎತ್ತೂದರೊಳಗ ಮಾಲಕರು ಬರ್ತಾರ. "ಭಾಳ ಕೆಟ್ಟಾತು ನೋಡ್ರಿ, ದೇವರಂಥಾ ಮನುಷ್ಯಾ" ಅಂತಾರ. ಕೊಟ್ಟ ಚಹಾ ಕುಡೀತಾರ. ಕಪ್ಪು ಕೆಳಗಿಡೂ ಮೊದಲ "ಮತ್ತ, ಮನಿ ಯಾವಾಗ ಖಾಲಿ ಮಾಡ್ತೀರಿ?" ಅಂತ ಕೇಳ್ತಾರ. ಕರಾರು ಅವರ ಹೆಸರಿಲೆ ಇತ್ತು, ಅವರಿಲ್ಲ, ಅಂದಮ್ಯಾಲೆ ಕರಾರೂ ಇಲ್ಲ ಅನ್ನೂದು ಅವರ ಲೆಕ್ಕ. ಮಾಲಕರದು ಬಿಡ್ರಿ, ಅವರ ರೊಕ್ಕದ ವಿಚಾರ. ಮಾತಾಡಸ್ಲಿಕ್ಕೆ ಬಂದ ಹೆಂಗಸರೂ "ಹೌದಲ್ಲವಾ, ಮಂದಿ ಮನಿ, ಬಿಟ್ಟು ಹೋಗೂದ ಛಲೋ, ಜಗಳ ಯಾಕ" ಅಂತ ಗೋಣು ಹಾಕ್ತಾರಲ್ಲಾ, ಅದು ನನಗ ತಡಕೊಳ್ಳಿಕ್ಕೆ ಆಗೂದಿಲ್ಲ.

ಬಾಡಿಗಿ ಹಕ್ಕು ಹೆಣದ ಜೋಡಿ ಸುಡಗಾಡಿಗೆ ಹೋಗೂದಿಲ್ಲ. ಅದು ವಾರಸದಾರರಿಗೆ ಇಳೀತದ. 1985ರಾಗ ಸುಪ್ರೀಂ ಕೋರ್ಟಿನ ಐದು ಮಂದಿ ನ್ಯಾಯಾಧೀಶರು ಕೂತು ಇದನ್ನ ಹೇಳ್ಯಾರ, ಜ್ಞಾನದೇವಿ ಆನಂದ್ ಪ್ರಕರಣ ಅಂತ. ದಿಲ್ಲಿಯ ಬಾಡಿಗಿ ಅಂಗಡಿ, ಗಂಡ ತೀರಿಕೊಂಡಿದ್ದ, ಕೋರ್ಟಿಗೆ ಹೋದಾಕಿ ಅವನ ಹೆಂಡತಿ. ಕರಾರು ಮುಗದು ಬರೇ ಕಾಯ್ದೆದ ಆಸರದ ಮ್ಯಾಲೆ ನಡದಿದ್ದ ಬಾಡಿಗಿ ಸುದ್ಧಾ, ಕಾಯ್ದೆದಾಗ ಬ್ಯಾರೆ ಏನೂ ಬರದಿರದಿದ್ರ, ವಾರಸದಾರರಿಗೆ ಹೋಗ್ತದ ಅಂತ ತೀರ್ಪಾತು.

ನಮ್ಮ ರಾಜ್ಯದ ಕತಿ ಕೇಳ್ರಿ. 1961ರ ಬಾಡಿಗಿ ನಿಯಂತ್ರಣ ಕಾಯ್ದೆ ಇದ್ದಾಗ, 'ಬಾಡಿಗಿದಾರ' ಅನ್ನೂ ಶಬ್ದದಾಗನ ಅವನ ಜೋಡಿ ಇದ್ದ ಹೆಂಡತಿ, ಮಕ್ಕಳು, ತಂದಿ-ತಾಯಿ ಬರ್ತಿದ್ದರು. ಇಷ್ಟ ವರ್ಷ ಅಂತ ಎಣಿಕಿ ಇರಲಿಲ್ಲ. ಆಮ್ಯಾಲೆ 1999ರ ಬಾಡಿಗಿ ಕಾಯ್ದೆ ಬಂತು, 2001ರ ಡಿಸೆಂಬರ್ ಕಡೀಗೆ ಜಾರಿ ಆತು. ಅದರ 5ನೇ ಕಲಮಿನ ಪ್ರಕಾರ ಬಾಡಿಗಿದಾರ ತೀರಿಕೊಂಡ ದಿನದಿಂದ 5 ವರ್ಷ ಅಷ್ಟ. ಮೊದಲ ಹೆಂಡತಿಗೆ, ಆಕಿ ಇರದಿದ್ರ ಮಗ-ಮಗಳಿಗೆ, ಆಮ್ಯಾಲೆ ತಂದಿ-ತಾಯಿಗೆ, ಕಡೀಗೆ ಮೊದಲೇ ತೀರಿಕೊಂಡ ಮಗನ ಹೆಂಡತಿಗೆ. ಅವರು ಅವನ ಜೋಡಿ ಇದ್ದಿರಬೇಕು, ಅವನ ದುಡಿಮಿ ಮ್ಯಾಲೆ ಬದುಕಿರಬೇಕು, ಅದ ಊರಾಗ ಬ್ಯಾರೆ ಮನಿ ಇರಬಾರದು. ಸ್ವಂತ ದುಡಿಮಿ ಇದ್ದಾಕಿಗೆ ಒಂದ ವರ್ಷ. ಮುಗೀತು ಅಂದ್ರ ಮುಗೀತು, ಆಕಿಯಿಂದ ಮಕ್ಕಳಿಗೆ ಮುಂದ ಹೋಗೂದಿಲ್ಲ. 55ಕ್ಕ ಕುಂಕುಮ ಅಳಿಸಿಕೊಂಡಾಕಿ 60ಕ್ಕ ಮನಿ ಹುಡುಕ್ಲಿಕ್ಕೆ ಹೊಂಡಬೇಕು. ಈ ಐದು ವರ್ಷದಾಗ ಆಕಿ ಮೊಣಕಾಲ ನೋವು ಕಡಿಮಿ ಆಗ್ತದ ಅಂತ ತಿಳಕೊಂಡಾರೇನು?

ಅಷ್ಟರೆ ಸಿಗ್ತದಲ್ಲಾ ಅನಬ್ಯಾಡ್ರಿ. ತಿಂಗಳ ಬಾಡಿಗಿ ದೊಡ್ಡ ಶಹರದಾಗ 3,500, ಉಳಿದ ಕಡೆ 2,000 ರೂಪಾಯಿ ದಾಟಿದ್ರ ಆ ಕಾಯ್ದೇನ ಆ ಮನಿಗೆ ಹತ್ತೂದಿಲ್ಲ. ಇವತ್ತಿನ ದಿನ 2,000ಕ್ಕ ಯಾವ ಮನಿ ಬರ್ತದ? ಹಿತ್ತಲದಾಗಿನ ಒಂದು ಖೋಲಿ ಸಿಕ್ಕರ ಪುಣ್ಯಾ. ವಿಧವೆಗೆ ಆಸರ ಕೊಟ್ಟೀವಿ ಅಂತ ಪುಸ್ತಕದಾಗ ಬರದು, ಆ ಆಸರದ ಬಾಗಲಕ್ಕ ಹೊರಗಿಂದ ಕೀಲಿ ಹಾಕ್ಯಾರ.

ಹಂಗಂತ ಆಕಿ ಕೈ ಬರಿದಲ್ಲ. ಆ ಕಾಯ್ದೆ ಹತ್ತದ ಮನ್ಯಾಗ ಸಾಮಾನ್ಯ ಕಾಯ್ದೆ ನಡೀತದ. ಹಿಂದೂ ಮನೆತನದಾಗ 1956ರ ಉತ್ತರಾಧಿಕಾರ ಕಾಯ್ದೆ ಪ್ರಕಾರ ಹೆಂಡತಿ, ಮಕ್ಕಳು, ಅವನ ತಾಯಿ, ಲಗ್ನ ಆದ ಹೆಣ್ಣಮಕ್ಕಳು ಸುದ್ಧಾ ವಾರಸದಾರರು. ಕರಾರಿನಾಗ ಉಳಿದ ತಿಂಗಳು ಅವರಿಗೆ ಸೇರಿದ್ದು. ತಿಂಗಳ ಬಾಡಿಗಿ ಇದ್ರ ಮಾಲಕರು ಬರವಣಗಿಲೆ 15 ದಿನದ ನೋಟೀಸು ಕೊಡಬೇಕು, ಬಿಡದಿದ್ರ ಕೋರ್ಟಿಗೆ ಹೋಗಿ ಹುಕುಂ ತರಬೇಕು. ನಳ ಬಂದ್ ಮಾಡೂದು, ಕರೆಂಟ್ ತಗಿಯೂದು, ಸಾಮಾನು ಹೊರಗಿಡೂದು, ಇದು ಯಾವುದಕ್ಕೂ ಅವರಿಗೆ ಹಕ್ಕಿಲ್ಲ. ಜಬರದಸ್ತಿಲೆ ಹೊರಗ ಹಾಕಿದ್ರ ಆರು ತಿಂಗಳೊಳಗ ಕೋರ್ಟಿಗೆ ಹೋಗಿ ಕಬ್ಜಾ ತಿರುಗಿ ಕೇಳಬಹುದು, 1963ರ ಸ್ಪೆಸಿಫಿಕ್ ರಿಲೀಫ್ ಕಾಯ್ದೆದ 6ನೇ ಕಲಂ ಇರೂದ ಅದಕ್ಕ. ಮಾಲಕ ಯಾರು ಅನ್ನೂ ಪ್ರಶ್ನೇನೇ ಅಲ್ಲಿ ಬರೂದಿಲ್ಲ.

ಈಗ ಮನಿ ಒಳಗಿನ ಮಾತು. ವಾರಸದಾರರೆಲ್ಲಾ ಕೂಡಿ ಒಂದ ಬಾಡಿಗಿ ಹಿಡದವ್ರು, ಒಬ್ಬರಿಗೆ ನೋಟೀಸು ಕೊಟ್ಟರ ಎಲ್ಲಾರಿಗೂ ಕೊಟ್ಟಂಗ ಅಂತ 1989ರಾಗ ಸುಪ್ರೀಂ ಕೋರ್ಟ್ ಹೇಳ್ಯದ. ಅಂದ್ರ ದೊಡ್ಡ ಮಗನ ಕೈಯಾಗ ಕಾಗದ ಕೊಟ್ಟರ ಸಾಕು, ಒಳಗ ದೀಪಕ್ಕ ಬತ್ತಿ ಹೊಸೀಲಿಕ್ಕೆ ಕೂತ ತಾಯಿಗೆ ಸುದ್ದಿ ಮುಟ್ಟದಿದ್ರೂ ನಡೀತದ. ನಮ್ಮ ಓಣ್ಯಾಗ ಒಬ್ಬಾಕಿ 22 ವರ್ಷ ಒಂದ ಮನ್ಯಾಗ ಇದ್ದಳು. ಗಂಡನ ವರ್ಷಾಂತಕ ಆಗೂ ಮೊದಲ ಮಗ "ಅವ್ವಾ, ನಿನಗ ತ್ರಾಸ ಬ್ಯಾಡ" ಅಂತ ಆಕಿ ಸಹಿ ತಗೊಂಡು ಹೊಸಾ ಕರಾರು ತನ್ನ ಹೆಸರಿಗೆ ಮಾಡಿಸಿದ. 11 ತಿಂಗಳಿಗೆ ಅವಗ ಪುಣೆಕ್ಕ ಬದಲಿ ಆತು. ಮನಿ ಬಿಡೂದು ಆಕಿಗೆ ತಿಳದದ್ದು ಟೆಂಪೋ ಬಂದು ನಿಂತಾಗ. ಡಿಪಾಜಿಟ್ ಮಗನ ಖಾತೆಗೆ ಹೋತು, ಆಕಿ ಮಗಳ ಮನಿಗೆ ಹೋದಳು. ಅಲ್ಲಿ ಅಡಿಗಿಮನಿ ಬಾಜೂಕ ಹಾಸಗಿ. ಕಾಗದ ನೋಡಿದ್ರ ಎಲ್ಲಾ ಸರಿ ಅದ! ಇಂಥಾ ಖಾಲಿ ಮಾಡಿಸೂದಕ್ಕ ಮಾಲಕರೇ ಬೇಕಂತಿಲ್ಲ.

ಬಾಡಿಗಿ ಮ್ಯಾಲೇ ಹೊಟ್ಟಿ ಹೊರಿಯೂ ವಿಧವೆಯರು ನಮ್ಮ ಬಳಗದಾಗೂ ಇದ್ದಾರ, ಗೊತ್ತದ. ಹಳೇ ಪ್ಯಾಟ್ಯಾಗ ಅಜ್ಜನ ಕಾಲದ ಬಾಡಿಗಿಗೆ ಕೂತು ಏಳದ ಅಂಗಡಿಕಾರರನ್ನ ನೋಡಿ ಅವರು ಹೆದರೂದೂ ಖರೆ. ಅವರು ಬಾಡಿಗಿ ಏರಸ್ಲಿ, ನೋಟೀಸು ಕೊಡ್ಲಿ, ಕೋರ್ಟಿಗೆ ಹೋಗ್ಲಿ. ಹದಿಮೂರನೇ ದಿನ ಬಂದು ಅಳೂ ಹೆಂಗಸಿನ ಕಡಿಂದ ತಾರೀಖು ಬರಸ್ಕೊಳ್ಳಿಕ್ಕೆ ಇದು ನೆವ ಆಗೂದಿಲ್ಲ.

ಸರಕಾರ ಮಾಡಬೇಕಾದ್ದು ಎರಡ: ಆ 2,000, 3,500ರ ಮಿತಿ ಕಿತ್ತು ಹಾಕಬೇಕು, ಹೆಂಡತಿಗೆ ಐದು ವರ್ಷದ ಬದಲಿ ಆಕಿ ಇರೂತನಕ ಹಕ್ಕು ಕೊಡಬೇಕು. ಕೇಂದ್ರದ 2021ರ ಮಾದರಿ ಬಾಡಿಗಿ ಕಾಯ್ದೆ ನಂಬಿ ಕೂಡಬ್ಯಾಡ್ರಿ, ಅದರಾಗ ವಾರಸದಾರರಿಗೆ ಕರಾರಿನ ಉಳಿದ ಅವಧಿ ಅಷ್ಟ. 11 ತಿಂಗಳ ಕರಾರಿನಾಗ ಹತ್ತನೇ ತಿಂಗಳು ಮುಗದ ದಿನ ಗಂಡ ಹೋದ್ರ ಆಕಿಗೆ ಉಳಿಯೂದು ಒಂದ ತಿಂಗಳು.

ನಮ್ಮ ಕೈಯಾಗಿನ ಕೆಲಸ ಬ್ಯಾರೆ ಅದ. ಮುಂದಿನ ಕರಾರು ಗಂಡ-ಹೆಂಡತಿ ಇಬ್ಬರ ಹೆಸರಿಲೆ ಆಗಬೇಕು, ಆಗ ಆಕಿ ತನ್ನ ಹಕ್ಕಿಲೇ ಬಾಡಿಗಿದಾರಳು. "ಅಪಶಕುನದ ಮಾತು ಯಾಕ" ಅನ್ನೂ ಗಂಡಸರಿಗೆ ಎಲ್.ಐ.ಸಿ. ಪಾಲಿಸಿದಾಗ ನಾಮಿನಿ ಬರಿಯೂ ಮುಂದ ಯಾಕ ಅಪಶಕುನ ಆಗಲಿಲ್ಲ ಅಂತ ಕೇಳ್ರಿ. ಡಿಪಾಜಿಟ್ ಪಾವತಿ ನಿಮ್ಮ ಟ್ರಂಕಿನ್ಯಾಗ ಇರಲಿ. ಅನಾಹುತ ಆಗೇ ಹೋಗಿದ್ರ, ಯಾರು ಏನು ತಂದು ಕೊಟ್ಟರೂ ಓದದ ಸಹಿ ಮಾಡಬ್ಯಾಡ್ರಿ, ಮಗ ತಂದರೂ ಅಷ್ಟ. ಮಾಲಕರು ಬಾಡಿಗಿ ಕೈಯಾಗ ತಗೋಳೂದಿಲ್ಲ ಅಂದ್ರ ತಾರೀಖಿಗೆ ಸರಿಯಾಗಿ ಅವರ ಬ್ಯಾಂಕ್ ಖಾತೆಗೆ ನಿಮ್ಮ ಹೆಸರಿಲೆ ತುಂಬ್ರಿ, ಚೀಟಿ ಜ್ವಾಕಿ ಇಟ್ಟುಕೋರಿ.