ಪಕ್ಕದ ಪಾತ್ರದವಳು



ಸಿನಿಮಾ ನೋಡಿ ಬಂದವರು ನಾಯಕಿಯ ಹೆಸರು ಹೇಳುತ್ತಾರೆ. ಅವಳ ಅಕ್ಕನಾಗಿಯೋ ನೆರೆಮನೆಯವಳಾಗಿಯೋ ನಟಿಸಿದವಳ ಹೆಸರು ಯಾರಿಗೂ ಬೇಕಾಗುವುದಿಲ್ಲ. ಅಂಥ ಪೋಷಕ ಪಾತ್ರಗಳಲ್ಲೇ ಬೆಳೆದ ಬ್ರಿಟನ್ನಿನ ನಟಿ ಕೇಸಿ ಏನ್ಸ್‌ವರ್ತ್ ಅವರ ಬಗ್ಗೆ ನಿಮಗೆ ಹೇಳಬೇಕೆನಿಸಿದೆ.

1999ರಲ್ಲಿ ತೆರೆಕಂಡ ಮೈಕ್ ಲೀ ಅವರ ‘ಟಾಪ್ಸಿ-ಟರ್ವಿ’ ಚಿತ್ರದಲ್ಲಿ ಆಕೆಗಿದ್ದುದು ಒಂದು ಸಣ್ಣ ಪಾತ್ರ. ಮರುವರ್ಷ ಬಿಬಿಸಿಯ ‘ಈಸ್ಟ್‌ಎಂಡರ್ಸ್’ ಧಾರಾವಾಹಿಗೆ ಬಂದರು. ಲಂಡನ್ನಿನ ಪೂರ್ವಭಾಗದ ದುಡಿಯುವ ಜನರ ಕಥೆಯನ್ನು 1985ರಿಂದ ಹೇಳುತ್ತ ಬಂದಿರುವ ಧಾರಾವಾಹಿ ಅದು. ಅದರಲ್ಲಿ ಆಕೆ ಸ್ಲೇಟರ್ ಮನೆತನದ ಹೆಣ್ಣುಮಕ್ಕಳಲ್ಲೊಬ್ಬಳಾದ ‘ಲಿಟ್ಲ್ ಮೋ’, ಅಂದರೆ ಪುಟ್ಟ ಮೋ. ಮೆಲುಮಾತಿನ, ಯಾರಿಗೂ ಕೇಡು ಬಯಸದ ಹೆಂಗಸು.

ಅವಳ ಗಂಡ ಟ್ರೆವರ್ ಹೊರಗೆ ನಯವಂತ, ಬಾಗಿಲು ಮುಚ್ಚಿದರೆ ಬೇರೆಯೇ ಮನುಷ್ಯ. ಹೊಡೆಯುತ್ತಾನೆ, ಹೀಯಾಳಿಸುತ್ತಾನೆ, ಆಮೇಲೆ ಕ್ಷಮೆ ಕೇಳುತ್ತಾನೆ. ಅವಳು ಮತ್ತೆ ನಂಬುತ್ತಾಳೆ. 2001ರ ಕೊನೆಯ ರಾತ್ರಿ ಅವನು ಮೈಮೇಲೆ ಬಿದ್ದಾಗ, ಅವಳು ಇಸ್ತ್ರಿಪೆಟ್ಟಿಗೆಯಿಂದ ಅವನ ತಲೆಗೆ ಹೊಡೆಯುತ್ತಾಳೆ. ಜೈಲಿಗೆ ಹೋದವಳು ಅವಳು. 2002ರಲ್ಲಿ ಬಿಡುಗಡೆಯಾಗುತ್ತಾಳೆ.

ಇದು ಬರೀ ಕಟ್ಟುಕಥೆಯಲ್ಲ. ಪಂಜಾಬಿನಿಂದ ಮದುವೆಯಾಗಿ ಅದೇ ದೇಶಕ್ಕೆ ಹೋದ ಕಿರಣ್‌ಜಿತ್ ಅಹ್ಲುವಾಲಿಯಾ ಹತ್ತು ವರ್ಷ ಪೆಟ್ಟು ತಿಂದು, 1989ರಲ್ಲಿ ಮಲಗಿದ್ದ ಗಂಡನಿಗೆ ಬೆಂಕಿ ಹಚ್ಚಿದರು. ಆತ ಸತ್ತ. ಆಕೆಗೆ ಜೀವಾವಧಿ ಶಿಕ್ಷೆಯಾಯಿತು. ‘ಸೌತಾಲ್ ಬ್ಲ್ಯಾಕ್ ಸಿಸ್ಟರ್ಸ್’ ಎಂಬ ಮಹಿಳಾ ಸಂಘಟನೆ ಆಕೆಯ ಪರವಾಗಿ ನಿಂತು ಹೋರಾಡಿತು. 1992ರಲ್ಲಿ ಕೊಲೆಯ ತೀರ್ಪು ರದ್ದಾಗಿ ಆಕೆ ಹೊರಬಂದರು.

ಇಂಥ ಕಥೆಗಳು ಗಂಡನಿಗೆ ತಿರುಗಿಬೀಳುವುದನ್ನು ಕಲಿಸುತ್ತವೆ ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಇಸ್ತ್ರಿಪೆಟ್ಟಿಗೆ ಎತ್ತುವುದು ಗೆಲುವಲ್ಲ. ಅದಕ್ಕೆ ಮೊದಲು ಯಾರೂ ಸಹಾಯಕ್ಕೆ ಬರಲಿಲ್ಲ ಎಂಬುದಕ್ಕೆ ಸಾಕ್ಷಿ. ನಮ್ಮ ಧಾರಾವಾಹಿಗಳು ಹೆಚ್ಚಾಗಿ ಹೊಗಳುವುದು ತಾಳ್ಮೆಯನ್ನು. ತಾಳಿದವಳು ಬಾಳಿಯಾಳು ಎನ್ನುವವರು, ತಾಳುತ್ತಲೇ ಸತ್ತವರ ಲೆಕ್ಕ ಇಡುವುದಿಲ್ಲ.

ಏನ್ಸ್‌ವರ್ತ್ ಅವರಿಗೆ ಈ ಪಾತ್ರ ದೊಡ್ಡ ಹೆಸರು ತಂದಿತು. ಆದರೂ 2006ರಲ್ಲಿ ಧಾರಾವಾಹಿ ಬಿಟ್ಟ ಮೇಲೆ ಅವರು ನಾಯಕಿಯ ಪಟ್ಟಕ್ಕೆ ಕಾಯಲಿಲ್ಲ. 2007ರ ‘ಹೋಲ್ಬಿ ಬ್ಲೂ’ದಲ್ಲಿ ಪೊಲೀಸ್ ಇನ್ಸ್‌ಪೆಕ್ಟರ್ ಆದರು. 2014ರಲ್ಲಿ ಆರಂಭವಾದ ‘ಗ್ರ್ಯಾಂಚೆಸ್ಟರ್’ನಲ್ಲಿ ಪತ್ತೇದಾರಿ ಅಧಿಕಾರಿಯ ಹೆಂಡತಿ ಕ್ಯಾಥಿ ಆದರು. ಮನೆವಾರ್ತೆಯಲ್ಲೇ ಇದ್ದ ಈ ಕ್ಯಾಥಿ ಮುಂದೆ ಅಂಗಡಿಯ ಕೆಲಸಕ್ಕೆ ಹೋಗುತ್ತಾಳೆ. ಮತ್ತೆ ಪಕ್ಕದ ಪಾತ್ರವೇ. ನಾಯಕಿಯನ್ನು ನಾವು ದೂರದಿಂದ ಮೆಚ್ಚುತ್ತೇವೆ. ಪಕ್ಕದ ಪಾತ್ರದವಳಲ್ಲಿ ನಮ್ಮ ತಂಗಿಯ, ಸೊಸೆಯ ಮುಖ ಕಾಣುತ್ತೇವೆ. ಪುಟ್ಟ ಮೋಳ ನೋವು ಮನೆಮನೆಗೆ ತಟ್ಟಿದ್ದು ಅದಕ್ಕೇ.

ಸಂಘದ ಸದಸ್ಯೆಯರಾದ ನಾವೂ ಇನ್ನೊಬ್ಬಳ ಕಥೆಯಲ್ಲಿ ಪಕ್ಕದ ಪಾತ್ರದವರೇ. ವಾರದ ಸಭೆಗೆ ಒಬ್ಬಳು ಎರಡು ವಾರ ಬರದಿದ್ದರೆ ಉಳಿತಾಯದ ಪುಸ್ತಕದಲ್ಲಿ ಗೈರುಹಾಜರಿ ಬರೆದು ಸುಮ್ಮನಾಗಬೇಡಿ. ಅವಳ ಮನೆಗೆ ಹೋಗಿ. ‘ಗಂಡಹೆಂಡಿರ ಜಗಳ ಉಂಡು ಮಲಗುವ ತನಕ’ ಎಂದು ಅಲ್ಲಿಂದ ಎದ್ದು ಬರಬೇಡಿ. ಹೊಡೆತ ಮಾತ್ರವಲ್ಲ, ಬೈಗುಳ, ದುಡಿದ ಹಣ ಕಿತ್ತುಕೊಳ್ಳುವುದು, ವರದಕ್ಷಿಣೆಗಾಗಿ ಪೀಡಿಸುವುದು, ಎಲ್ಲವೂ 2005ರ ಕೌಟುಂಬಿಕ ಹಿಂಸೆ ಕಾಯಿದೆಯಲ್ಲಿ ಹಿಂಸೆಯೇ. ಸಂರಕ್ಷಣಾಧಿಕಾರಿಗೆ ದೂರು ಕೊಡಬಹುದು. 181ಕ್ಕೆ ಫೋನ್ ಮಾಡಬಹುದು. ದೂರನ್ನು ಅವಳೇ ಕೊಡಬೇಕೆಂದಿಲ್ಲ, ವಿಷಯ ತಿಳಿದ ನಾವೂ ಕೊಡಬಹುದು.

ಅವಳ ಕೈ ಇಸ್ತ್ರಿಪೆಟ್ಟಿಗೆಯತ್ತ ಹೋಗುವ ಮೊದಲೇ, ನಮ್ಮ ಕೈ ಅವಳ ಬಾಗಿಲು ತಟ್ಟಲಿ.