ಮಾಲ್ಗುಡಿಯಲ್ಲಿ ವೈರೇ ಇಲ್ಲ

ನಮ್ಮನೆಯಲ್ಲಿ ಟಿವಿ ನೋಡೋದು ಈಗ ಕಷ್ಟವಾಗಿದೆ. ಮೊಮ್ಮಗಳು ‘ಮಾಲ್ಗುಡಿ ಡೇಸ್’ ಹಾಕುತ್ತಾಳೆ, ಎರಡು ನಿಮಿಷಕ್ಕೊಮ್ಮೆ ನಿಲ್ಲಿಸುತ್ತಾಳೆ. ಸ್ವಾಮಿ ಬಾಯಿ ತೆರೆದವನು ಹಾಗೇ ನಿಂತುಬಿಡುತ್ತಾನೆ.

“ತಾತ, ಹಿಂದಿನ ಗೋಡೆ ನೋಡು. ಒಂದೂ ವೈರ್ ಇಲ್ಲ!”

1986ರಲ್ಲಿ ದೂರದರ್ಶನದಲ್ಲಿ ಅದು ಬಂದಾಗ ಪಕ್ಕದ ಮನೆಯವರನ್ನೆಲ್ಲ ಸೇರಿಸಿಕೊಂಡು ನೋಡಿದ್ದೆ. ಗೋಡೆ ನೋಡಿರಲಿಲ್ಲ.

ಮಾಲ್ಗುಡಿ ಯಾವ ನಕ್ಷೆಯಲ್ಲೂ ಇಲ್ಲ, ಆರ್.ಕೆ. ನಾರಾಯಣ್ ಅವರ ತಲೆಯೊಳಗಿದ್ದ ಊರು ಅದು. ಶಂಕರ್‌ನಾಗ್ ಅದನ್ನು ಆಗುಂಬೆಯಲ್ಲಿ ಹುಡುಕಿಕೊಂಡರು. ಆದರೆ ಸ್ವಾಮಿಯ ಕಥೆ ನಡೆಯೋದು ಬ್ರಿಟಿಷರ ಕಾಲದಲ್ಲಿ. ಕರೆಂಟು ಕಂಬ, ಪ್ಲಾಸ್ಟಿಕ್ ಕೊಡ, ಹೊಸ ಬೋರ್ಡು, ಯಾವುದೂ ಕ್ಯಾಮೆರಾಕ್ಕೆ ಬೀಳಬಾರದು. ಅದನ್ನೆಲ್ಲ ನೋಡಿಕೊಳ್ಳುವವರನ್ನು ನಾವು ಕಲಾ ನಿರ್ದೇಶಕರು ಅನ್ನುತ್ತಿದ್ದೆವು, ಈಗ ಪ್ರೊಡಕ್ಷನ್ ಡಿಸೈನರ್ ಅನ್ನುತ್ತಾರೆ. ಮಾಲ್ಗುಡಿಗೆ ಆ ಕೆಲಸ ಮಾಡಿದವರು ಶಿಲ್ಪಿ ಜಾನ್ ದೇವರಾಜ್. ಧಾರಾವಾಹಿಯ ರೈಲು ನಿಲ್ದಾಣ ಶಿವಮೊಗ್ಗ ಜಿಲ್ಲೆಯ ಅರಸಾಳು. 2020ರಲ್ಲಿ ರೈಲ್ವೆಯವರು ಅಲ್ಲಿನ ಹಳೇ ಕಟ್ಟಡವನ್ನು ಮಾಲ್ಗುಡಿ ಮ್ಯೂಸಿಯಂ ಮಾಡಿದಾಗ ಆ ಕೆಲಸಕ್ಕೂ ಅವರನ್ನೇ ಕರೆದರು.

ಮೊಮ್ಮಗಳು ಈಗ ಎರಡನೇ ಪಿಯುಸಿ. ಇದೇ ಕೆಲಸ ಕಲಿಯುತ್ತೇನೆ, ಚಿತ್ರಕಲಾ ಪರಿಷತ್ತಿಗೆ ಸೇರಿಸಿ ಅನ್ನುತ್ತಾಳೆ. ಅವರಪ್ಪ ಸಿಇಟಿ ಕೋಚಿಂಗ್‌ಗೆ ಫೀಸು ಕಟ್ಟಿಯಾಗಿದೆ. ಎರಡು ತಿಂಗಳಿಂದ ರಾತ್ರಿ ಊಟಕ್ಕೆ ಕೂತರೆ ಇದೇ ಮಾತು. ಮೊನ್ನೆ ಅವಳು ತಟ್ಟೆ ಬಿಟ್ಟು ಎದ್ದು ಹೋದಳು. “ಅಪ್ಪ, ನೀವಾದ್ರೂ ಹೇಳಿ” ಅಂದ ಮಗ.

ಹೇಳಲು ಹೋದೆ. ಮೂವತ್ತೆಂಟು ವರ್ಷ ತಿಂಗಳ ಕೊನೆಗೆ ಸಂಬಳ ಎಣಿಸಿಕೊಂಡವನು ನಾನು, ಮೊದಲು ಕೇಳಿದ್ದೂ ಅದನ್ನೇ. ಸಂಬಳ ಇಲ್ಲವಂತೆ! ಒಂದು ಚಿತ್ರ ಮುಗಿದರೆ ಮುಂದಿನ ಕರೆ ತಿಂಗಳಿಗೂ ಬರಬಹುದು, ವರ್ಷಕ್ಕೂ ಬರಬಹುದು. ಅದರಲ್ಲೂ ಸಣ್ಣ ಬಂಡವಾಳದ ಚಿತ್ರಗಳಲ್ಲಿ ದುಡ್ಡು ಮೊದಲು ಖೋತಾ ಆಗೋದು ಸೆಟ್ಟಿಗೇ. ಎದೆ ಧಸಕ್ಕೆಂದಿತು, ಸುಳ್ಳು ಯಾಕೆ ಹೇಳಲಿ.

“ಹಾಗಾದ್ರೆ ಪಿ. ಕೃಷ್ಣಮೂರ್ತಿ ಹೇಗೆ ಬದುಕಿದ್ರು?” ಅಂದಳು. ಮದರಾಸಿನ ಕಲಾಶಾಲೆಯಲ್ಲಿ ಓದಿದ ಚಿತ್ರಕಾರರು ಅವರು. 1975ರಲ್ಲಿ ಜಿ.ವಿ. ಅಯ್ಯರ್ ಅವರ ‘ಹಂಸಗೀತೆ’ಯಿಂದ ಶುರು. ಆಮೇಲೆ 1983ರ ಸಂಸ್ಕೃತ ಚಿತ್ರ ‘ಆದಿ ಶಂಕರಾಚಾರ್ಯ’. ಕನ್ನಡದ ‘ಮಧ್ವಾಚಾರ್ಯ’ಕ್ಕೆ 1986ರ ಸಾಲಿನ ರಾಷ್ಟ್ರಪ್ರಶಸ್ತಿಯೇ ಬಂತು. ‘ಹಂಸಗೀತೆ’ ನಾನು ನೋಡಿದ್ದೇನೆ. ಬಾಲಮುರಳಿಯವರ ಸಂಗೀತ ನೆನಪಿದೆ, ಗೋಡೆ, ಕಂಬ, ದೀಪ ನೆನಪಿಲ್ಲ. ನೆನಪಿಲ್ಲ ಅಂದರೆ ಎಲ್ಲೂ ತಪ್ಪಿರಲಿಲ್ಲ ಅಂತ ತಾನೇ? ನಮ್ಮ ಲೆಡ್ಜರ್ ಕೂಡ ಹಾಗೇ. ತಾಳೆಯಾದ ದಿನ ಯಾರೂ ಶಹಬಾಸ್ ಅನ್ನುತ್ತಿರಲಿಲ್ಲ.

ಒಂದು ವಾರದ ಮೇಲೆ ಅವಳೇ ಬಂದು ಪಕ್ಕದಲ್ಲಿ ಕೂತಳು. ಗೆಳೆಯರೆಲ್ಲ ಸೇರಿ ಒಂದು ಕಿರುಚಿತ್ರ ಮಾಡುತ್ತಾರಂತೆ. 1975ರ ಬ್ಯಾಂಕು ಬೇಕು, ಕೈಯಲ್ಲಿರೋದು ಎಂಟು ಸಾವಿರ.

“ನಿನ್ನ ಬ್ಯಾಂಕ್ ಹೇಗಿತ್ತು ತಾತ?”

ಇಷ್ಟು ವರ್ಷದಲ್ಲಿ ಇದನ್ನು ನನ್ನ ಯಾರೂ ಕೇಳಿರಲಿಲ್ಲ. ಕ್ಯಾಷಿಯರ್ ಕೂರುವ ತಂತಿಬಲೆಯ ಪಂಜರ, ಕೆಂಪು ಬಟ್ಟೆಯ ಬೈಂಡಿನ ಲೆಡ್ಜರು, ನೋಟೆಣಿಸಲು ಒದ್ದೆ ಸ್ಪಂಜಿನ ಡಬ್ಬಿ, ಅರಗಿನ ವಾಸನೆ, ನಂಬರ್ ಕೊರೆದ ಹಿತ್ತಾಳೆ ಟೋಕನ್. ನಾನು ಹೇಳುತ್ತಾ ಹೋದೆ, ಅವಳು ಬರೆಯುತ್ತಾ ಹೋದಳು. ಟೋಕನ್ ಎಷ್ಟು ದಪ್ಪ? ತೂತು ಇತ್ತಾ? ಲೆಡ್ಜರ್ ಯಾರ ಎಡಗಡೆ ಇರುತ್ತಿತ್ತು? ನಮ್ಮ ಇನ್‌ಸ್ಪೆಕ್ಷನ್‌ನವರೂ ಇಷ್ಟು ಕೇಳಿರಲಿಲ್ಲ. ಚಿತ್ರದಲ್ಲಿ ಮೇಜಿನ ಮೇಲೆ ಕ್ಯಾಲ್ಕುಲೇಟರ್ ಇಟ್ಟಿದ್ದಳು. “ತೆಗಿ, ನಮ್ಮದೆಲ್ಲ ಬಾಯಿಲೆಕ್ಕ” ಅಂದೆ. ಅಳಿಸಿದಳು.

ಖರ್ಚಿನ ಪಟ್ಟಿಯನ್ನೂ ತೋರಿಸಿದಳು. ಒಂದು ಕಡೆ ಸಾಲ ತರುವ ಸಾಮಾನು, ಇನ್ನೊಂದು ಕಡೆ ಕೊಳ್ಳುವ ಸಾಮಾನು. ಒಟ್ಟು 7,640. ಬಿಕಾಂ ಓದಿದವನು, ಸುಮ್ಮನಿರಲಾಗಲಿಲ್ಲ. ಎರಡು ಸಲ ಕೂಡಿದೆ, ತಾಳೆಯಾಯಿತು. “ಸಾಮಾನು ವಾಪಸ್ ಕಳಿಸೋ ಗಾಡಿ ಬಾಡಿಗೆ?” ಅಂದೆ. ನಾಲಿಗೆ ಕಚ್ಚಿಕೊಂಡಳು. ಭದ್ರಪ್ಪ ಲೇಔಟಿನಿಂದ ತರಬೇಕಿದ್ದ ಮರದ ಬೆಂಚನ್ನು ಕೈಬಿಟ್ಟು ನಮ್ಮ ವರಾಂಡದ ಬೆಂಚನ್ನೇ ಬರೆದುಕೊಂಡಳು. ಈಗ ನಾನು ಪೇಪರ್ ಓದೋದು ಮೆಟ್ಟಿಲ ಮೇಲೆ.

ಗುರುವಾರ ಸಂಜೆ ಮಗ ಆಫೀಸಿನಿಂದ ಬಂದ. ಊಟದ ಮೇಜಿನ ಮೇಲೆ ಒಂದು ಟೋಕನ್ ಇತ್ತು, ನಂಬರ್ 27. ಬ್ಯಾಗೂ ಇಳಿಸದೆ ಅದನ್ನೇ ನೋಡುತ್ತಾ ನಿಂತ. ಚಿಕ್ಕವನಿದ್ದಾಗ ಅವರಮ್ಮನ ಜೊತೆ ಬ್ಯಾಂಕಿಗೆ ಬಂದರೆ ಟೋಕನ್ ತಾನೇ ಹಿಡಿಯಬೇಕೆಂದು ಹಟ ಮಾಡುತ್ತಿದ್ದ.

“ಅಪ್ಪ, ಇದನ್ನ ಇನ್ನೂ ಇಟ್ಕೊಂಡಿದ್ದೀರಾ?” ಅಂತ ಕೈಗೆತ್ತಿಕೊಂಡ. ತೂಕವೇ ಇಲ್ಲ. ರಟ್ಟಿಗೆ ಬಣ್ಣ ಬಳಿದು ಮಾಡಿದ್ದು.

ತಿರುಗಿಸಿ ನೋಡಿದ, ಮಗಳ ಕೋಣೆಯ ಕಡೆ ನೋಡಿದ, ಏನೂ ಹೇಳಲಿಲ್ಲ. ಕೈ ತೊಳೆದು ಊಟಕ್ಕೆ ಕೂತ. ಅವತ್ತು ಸಿಇಟಿ ಮಾತು ಬರಲಿಲ್ಲ.

ಒಪ್ಪಿದ್ದಾನೆ ಅಂತ ನಾನು ಹೇಳುತ್ತಿಲ್ಲ. ಮುಂದಿನ ತಿಂಗಳು ಯಶವಂತಪುರದಿಂದ ಶಿವಮೊಗ್ಗಕ್ಕೆ ಮೂರು ಟಿಕೆಟ್ ಮಾಡಿಸಿದ್ದೇನೆ. ಅಲ್ಲಿಂದ ಅರಸಾಳಿಗೆ. ಮೂರನೆಯದು ಅವನಿಗೆ. ರಜೆ ಸಿಗುತ್ತೋ ನೋಡ್ತೀನಿ ಅಂದಿದ್ದಾನೆ.