ಹುಡುಗ ರೋಗಿಯಲ್ಲ, ಹುಡುಗಿ ಮದ್ದಲ್ಲ

ಅಧ್ಯಯನ ಶಿಬಿರ ಮುಗಿದ ರಾತ್ರಿ. ಜಮಖಾನ ಸುತ್ತುತ್ತಿದ್ದೆವು. ನಮ್ಮ ಕೇರಿಯ ಹುಡುಗನೊಬ್ಬ ನನ್ನನ್ನು ಪಕ್ಕಕ್ಕೆ ಕರೆದ. ಐಟಿಐ ಮಾಡಿ ಕಾರ್ಖಾನೆ ಸೇರಿದವನು. ತಮಟೆ ಹಿಡಿದರೆ ಮೆರವಣಿಗೆಗೆ ಜೀವ ಬರುತ್ತಿತ್ತು, ಅಂಥವನು. ಅವನೂ ಹಿಂದಿನ ಬೀದಿಯ ಹುಡುಗಿಯೂ ಎರಡು ವರ್ಷದಿಂದ ಒಬ್ಬರನ್ನೊಬ್ಬರು ಮೆಚ್ಚಿಕೊಂಡವರು. ಯುಗಾದಿ ಕಳೆದ ಮೇಲೆ ಮದುವೆ ಅಂತ ಮಾತಾಗಿತ್ತು.

"ಅಣ್ಣ, ಆ ಹುಡ್ಗಿ ಕಂಡ್ರೆ ನಂಗೆ ಪ್ರಾಣ. ಆದ್ರೆ ಜೊತೇಲಿ ಕೆಲ್ಸ ಮಾಡೋ ಗೆಳೆಯ ಒಬ್ಬ ಅವ್ನೆ. ಅವನ ಮ್ಯಾಲೆ ಹೋಯ್ತಿರೋ ಮನ್ಸು ಅವಳ ಮ್ಯಾಲೆ ಯಾವತ್ತೂ ಹಂಗೆ ಹೋಗಿಲ್ಲ. ನಾನು ಏನಣ್ಣ ಹಂಗಾರೆ? ಯಾರ್ನ ಕೇಳ್ಲಿ?"

ನಾನು ಕೊಟ್ಟ ಉತ್ತರ ಇದು: "ಸುಮ್ಕೆ ಮದ್ವೆ ಆಗ್ಬುಡು ಕಣ್ಲಾ, ಎಲ್ಲಾ ಸರೋಯ್ತದೆ."

ಅದೇ ಬೆಳಿಗ್ಗೆ ಇದೇ ನಾಲಿಗೆ ಮನುಷ್ಯನ ಘನತೆಯ ಬಗ್ಗೆ ಒಂದು ಗಂಟೆ ಭಾಷಣ ಬಿಗಿದಿತ್ತು. ಈ ಬರಹ ಆ ಉತ್ತರದ ವಿರುದ್ಧ. ನನ್ನ ವಿರುದ್ಧ. ಅಂಥ ಉತ್ತರವನ್ನು ಜೇಬಿನಲ್ಲಿಟ್ಟುಕೊಂಡು ತಿರುಗುವ ಎಲ್ಲ ಸಂಗಾತಿಗಳ ವಿರುದ್ಧ.

ಆ ಒಂದು ಮಾತಿನಲ್ಲಿ ಎರಡು ಬಾಳು ಹಾಳು ಮಾಡುವ ವಿಷ ಇದೆ. ಹುಡುಗನನ್ನು ರೋಗಿ ಅಂದೆವು, ಹುಡುಗಿಯನ್ನು ಮದ್ದು ಅಂದೆವು. ಕೂಲಿ ಮಾಡಿ ಓದಿಸಿದ ತಾಯಿಯ ಮಗಳು ಅವಳು. ಮನಸ್ಸೆಲ್ಲೋ ಇಟ್ಟ ಗಂಡನ ಪಕ್ಕದಲ್ಲಿ ಮಲಗಿ, ತಪ್ಪು ತನ್ನದೇ ಇರಬೇಕು ಅಂತ ಆಯಸ್ಸಿಡೀ ಗೋಡೆ ನೋಡಬೇಕೆ? ಮಕ್ಕಳಾಗದಿದ್ದರೆ ಬಂಜೆ ಅನ್ನಿಸಿಕೊಳ್ಳುವವಳೂ ಅವಳೇ. ಅವಳನ್ನು ಕೇಳಿದವರು ಯಾರು? ಗಂಡಸಿನ ಮಾನ ಕಾಯಲು ಹೆಣ್ಣಿನ ಬಾಳು ತೆರುವುದನ್ನು ವೇದಿಕೆ ಮೇಲೆ ಮನುಧರ್ಮ ಅಂತ ಬಯ್ಯುತ್ತೇವೆ. ಮನೆಯೊಳಗೆ ಅದನ್ನೇ ಬುದ್ಧಿಮಾತು ಅಂತ ಹೇಳುತ್ತೇವೆ.

ಇದು ರೋಗವಂತೆ. ವಿಶ್ವ ಆರೋಗ್ಯ ಸಂಸ್ಥೆ 1990ರಲ್ಲೇ ಸಲಿಂಗ ಪ್ರೇಮವನ್ನು ರೋಗಗಳ ಪಟ್ಟಿಯಿಂದ ತೆಗೆದುಹಾಕಿದೆ. ಇದನ್ನು 'ವಾಸಿ ಮಾಡುತ್ತೇನೆ' ಅಂತ ಹೊರಡುವ ವೈದ್ಯನದು ವೃತ್ತಿಗೆ ತಕ್ಕದ್ದಲ್ಲದ ನಡತೆ ಎಂದು 2022ರಲ್ಲಿ ರಾಷ್ಟ್ರೀಯ ವೈದ್ಯಕೀಯ ಆಯೋಗ ಹೇಳಿದೆ.

ಇದು ಪರದೇಶದ್ದಂತೆ, ಹೊಟ್ಟೆ ತುಂಬಿದವರ ಶೋಕಿಯಂತೆ. ಸುಳ್ಳು. ಪರದೇಶದಿಂದ ಬಂದದ್ದು ಈ ಪ್ರೀತಿಯಲ್ಲ, ಇದನ್ನು ಅಪರಾಧ ಮಾಡಿದ ಕಾನೂನು. ಬ್ರಿಟಿಷರ ಕಾಲದ 1860ರ ದಂಡಸಂಹಿತೆಯ 377ನೇ ಕಲಮು ಅದು. 2009ರಲ್ಲಿ ದೆಹಲಿ ಹೈಕೋರ್ಟು ಅದರ ಹಲ್ಲು ಕಿತ್ತಿತು. 2013ರಲ್ಲಿ ಸುಪ್ರೀಂ ಕೋರ್ಟು ಆ ಹಲ್ಲನ್ನು ಮತ್ತೆ ಕಟ್ಟಿಸಿತು. ಕೊನೆಗೆ 2018ರ ಸೆಪ್ಟೆಂಬರ್ 6ರಂದು ಅದೇ ಕೋರ್ಟು, ವಯಸ್ಸಿಗೆ ಬಂದವರು ಒಪ್ಪಿ ಕೂಡುವುದು ಅಪರಾಧವಲ್ಲ ಅಂದಿತು. 2023ರಲ್ಲಿ ಮದುವೆಯ ಹಕ್ಕು ಕೇಳಿದಾಗ ಇಲ್ಲ ಅಂದಿತು. ಜೈಲಿನ ಭಯ ಹೋಗಿದೆ, ಮನೆಯ ಬಾಗಿಲು ತೆರೆದಿಲ್ಲ. ದುಡ್ಡಿದ್ದವನು ಪಟ್ಟಣದಲ್ಲಿ ಬೇರೆ ಕೋಣೆ ಹಿಡಿಯುತ್ತಾನೆ. ಒಂದಂಕಣದ ಮನೆಯಲ್ಲಿ ಆರು ಜನರ ಜೊತೆ ಮಲಗುವ ನಮ್ಮ ಹುಡುಗ ಎಲ್ಲಿ ಕೂತು ಅಳಬೇಕು? ಶೋಕಿಯಂತೆ ಶೋಕಿ!

ಬಾಬಾಸಾಹೇಬರ ಫೋಟೋಗೆ ಹಾರ ಹಾಕುವವರೇ, ಕೇಳಿ. 1934ರಲ್ಲಿ ಮುಂಬಯಿಯಲ್ಲಿ ರ. ಧೋ. ಕರ್ವೆ ಎಂಬುವರ 'ಸಮಾಜಸ್ವಾಸ್ಥ್ಯ' ಪತ್ರಿಕೆ ಮೇಲೆ ಅಶ್ಲೀಲದ ಕೇಸು ಬಿತ್ತು. ಓದುಗರು ಕಾಮದ ಬಗ್ಗೆ ಕೇಳಿದ ಪ್ರಶ್ನೆಗಳಿಗೆ ಉತ್ತರ ಕೊಟ್ಟದ್ದೇ ತಪ್ಪಾಗಿತ್ತು. ಆ ಪ್ರಶ್ನೆಗಳಲ್ಲಿ ಸಲಿಂಗ ಸಂಬಂಧದ್ದೂ ಇತ್ತು. ಕರ್ವೆ ಪರವಾಗಿ ಕೋರ್ಟಿನಲ್ಲಿ ನಿಂತ ವಕೀಲ ಅಂಬೇಡ್ಕರ್. ಕೇಸು ಸೋತರು. ಆದರೆ ನಿಂತರು. ನಾನು ಶಿಬಿರದ ಮೂಲೆಯಲ್ಲಿ, ನಮ್ಮದೇ ಹುಡುಗನ ಮುಂದೆ ನಿಲ್ಲಲಾರದೆ ಹೋದೆ.

ಇನ್ನೊಂದು ಮಾತು. ಜಾತಿ ನಿಂತಿರುವುದು ಒಳಮದುವೆಯ ಮೇಲೆ ಅಂತ ಅವರು 1916ರಲ್ಲೇ ತೋರಿಸಿದರು. ಯಾರು ಯಾರ ಜೊತೆ ಬಾಳಬೇಕು ಅಂತ ಮನೆ, ಕುಲ, ಊರು ನಿರ್ಧರಿಸುವ ತನಕ ಜಾತಿ ಸಾಯುವುದಿಲ್ಲ. ಹೊಲೇರ ಹುಡುಗನನ್ನು ಪ್ರೀತಿಸಿದ್ದಕ್ಕೆ ಮಗಳನ್ನು ಕೊಲ್ಲುವ ಗೌಡ, ಗಂಡು ಗಂಡನ್ನು ಪ್ರೀತಿಸಿದರೆ ಚಕ್ಕ ಅಂತ ಉಗುಳುವ ನಾವು, ಕಾಯುತ್ತಿರುವುದು ಒಂದೇ ಕೋಟೆ. ಅವನು ಮುಂಬಾಗಿಲಲ್ಲಿ, ನಾವು ಹಿತ್ತಿಲಲ್ಲಿ.

ತಮ್ಮಾ, ನಿನಗೂ ಎರಡು ಮಾತು. ನೀನು ಏನು ಅಂತ ನಾಳೆಯೇ ಹೇಳಬೇಕಿಲ್ಲ. ಗಂಡನ್ನೇ ಮೆಚ್ಚುವವನೋ, ಇಬ್ಬರನ್ನೂ ಮೆಚ್ಚುವವನೋ, ಇನ್ನೂ ತಿಳಿಯದವನೋ, ಅದಕ್ಕೆ ಬೇಕಾದಷ್ಟು ಕಾಲ ತಗೊ. "ಗೊತ್ತಾಗ್ತಾ ಇಲ್ಲ" ಅನ್ನೋದೂ ಸತ್ಯವೇ. ಆದರೆ ಆ ಕಾಲದ ಬೆಲೆಯನ್ನು ಅವಳ ಕೈಲಿ ಕೊಡಿಸಬೇಡ. ಮದುವೆಯ ದಿನ ಮುಂದಕ್ಕೆ ಹಾಕು. ಅವಳನ್ನು ಕೂರಿಸಿಕೊಂಡು ನಿನ್ನ ಬಾಯಿಂದಲೇ ಹೇಳು. ಅವಳು ಸಿಟ್ಟಾಗಬಹುದು, ಅಳಬಹುದು. ಆ ಸಿಟ್ಟು ಅವಳ ಹಕ್ಕು. ಆಮೇಲೆ ಅವಳ ದಾರಿ ಅವಳು ಆರಿಸಿಕೊಳ್ಳಲಿ.

ಸಂಗಾತಿಗಳೇ, ಅವನು ಹೇಳಿದ ದಿನ ಕೇರಿ ಅವನ ಮೇಲೆ ಬೀಳುತ್ತದೆ, ಅವಳ ಮೇಲೂ ಬೀಳುತ್ತದೆ. ಅವತ್ತು ಅವರಿಬ್ಬರ ಮನೆ ಮುಂದೆ ನಾವು ಇರಬೇಕು. ಮುಂದಿನ ಶಿಬಿರದಲ್ಲಿ ಈ ಮಾತು ಮೂಲೆಯಲ್ಲಲ್ಲ, ಜಮಖಾನದ ನಡುವೆ ಬರಬೇಕು. ಬಾರದಿದ್ದರೆ ಬಂಡಾಯ ಅನ್ನುವ ಹೆಸರನ್ನು ಬ್ಯಾನರಿನಿಂದ ಅಳಿಸಿಬಿಡೋಣ.